ದೇಶ ನೋಡಿ ಬಾಗಿಲು ಹಾಕುವ ಜಾಲತಾಣಗಳು: ವೆಬ್ ಪ್ರಾಕ್ಸಿ ಬಳಸುವ ಬಗೆ

ವೆಬ್ ಪ್ರಾಕ್ಸಿ ಎನ್ನುವುದೂ ಒಂದು ಜಾಲತಾಣವೇ. ಅದರ ಮುಖಪುಟದಲ್ಲಿ ಒಂದು ಉದ್ದನೆಯ ಚೌಕ ಇರುತ್ತದೆ. ಅಲ್ಲಿ ಬೇಕಾದ ತಾಣದ ವಿಳಾಸ ಬರೆದು ಗುಂಡಿ ಒತ್ತಿದರೆ, ಪ್ರಾಕ್ಸಿಯ ಸರ್ವರ್ ಆ ತಾಣಕ್ಕೆ ಹೋಗಿ ಪುಟವನ್ನು ತಂದು ತನ್ನ ಪುಟದೊಳಗೆ ತೋರಿಸುತ್ತದೆ. ಆ ತಾಣದ ಲೆಕ್ಕದಲ್ಲಿ ಬಂದದ್ದು ಪ್ರಾಕ್ಸಿ. ಅದರ ಹಿಂದೆ ಕುಳಿತವರು ಬೆಂಗಳೂರಿನಲ್ಲಿದ್ದಾರೋ ಬರ್ಲಿನ್‌ನಲ್ಲಿದ್ದಾರೋ ಅದಕ್ಕೆ ತಿಳಿಯುವುದಿಲ್ಲ. ಸರ್ವರ್ ಅಮೆರಿಕದಲ್ಲಿದ್ದರೆ ಅಮೆರಿಕದ ಓದುಗರಿಗೆ ತೆರೆಯುವ ಪುಟವೇ ತೆರೆಯುತ್ತದೆ. ಯಾವ ಸಾಫ್ಟ್‌ವೇರನ್ನೂ ಹಾಕಿಕೊಳ್ಳಬೇಕಿಲ್ಲ, ಬ್ರೌಸರ್‌ನ ಸೆಟ್ಟಿಂಗ್ ಮುಟ್ಟಬೇಕಿಲ್ಲ. ಬಳಸುವುದನ್ನು ಐದು ನಿಮಿಷದಲ್ಲಿ ಕಲಿಯಬಹುದು. ಎಲ್ಲಿ ಬಳಸಬಾರದು ಎಂದು ತಿಳಿಯಲು ಮಾತ್ರ ಒಳಗೆ ಏನು ನಡೆಯುತ್ತದೆ ಎಂಬುದನ್ನು ಸ್ವಲ್ಪ ನೋಡಬೇಕಾಗುತ್ತದೆ.

ಅಂತರ್ಜಾಲಕ್ಕೆ ಸೇರುವ ಪ್ರತಿ ಸಂಪರ್ಕಕ್ಕೂ ಒಂದು ಐಪಿ ವಿಳಾಸ ಬೇಕು. ಹಳೆಯ, ಇಂದಿಗೂ ವ್ಯಾಪಕ ಬಳಕೆಯಲ್ಲಿರುವ ನಾಲ್ಕನೆಯ ಆವೃತ್ತಿಯ ವಿಳಾಸಗಳು 32 ಬಿಟ್‌ನವು. ಒಟ್ಟು ಸುಮಾರು 429 ಕೋಟಿ. ಜಗತ್ತಿನ ಐದು ಪ್ರಾದೇಶಿಕ ನೋಂದಣಿ ಸಂಸ್ಥೆಗಳು ಇವನ್ನು ಕಂತೆ ಕಂತೆಯಾಗಿ ಹಂಚುತ್ತವೆ. ಏಷ್ಯಾ ಮತ್ತು ಪೆಸಿಫಿಕ್ ಭಾಗದ ಹಂಚಿಕೆ ನೋಡಿಕೊಳ್ಳುವ ಏಪಿನಿಕ್ ಇರುವುದು ಆಸ್ಟ್ರೇಲಿಯಾದ ಬ್ರಿಸ್ಬೇನ್‌ನಲ್ಲಿ. ಭಾರತದೊಳಗಿನ ಹಂಚಿಕೆಗೆ ಐಆರ್‌ಐಎನ್‌ಎನ್ ಎಂಬ ಪ್ರತ್ಯೇಕ ನೋಂದಣಿ ಸಂಸ್ಥೆ ಇದೆ. ಯಾವ ಕಂತೆ ಯಾವ ದೇಶದ ಯಾವ ಕಂಪನಿಯ ಕೈಸೇರಿತು ಎಂಬುದು ಯಾರು ಬೇಕಾದರೂ ನೋಡಬಹುದಾದ ದಾಖಲೆ. ಮ್ಯಾಕ್ಸ್‌ಮೈಂಡ್‌ನಂಥ ಕಂಪನಿಗಳು ಈ ದಾಖಲೆಗೆ ತಮ್ಮ ಅಂದಾಜುಗಳನ್ನೂ ಸೇರಿಸಿ, ಯಾವ ವಿಳಾಸ ಎಲ್ಲಿಯದು ಎಂಬ ದೊಡ್ಡ ಪಟ್ಟಿ ಮಾಡಿ ಮಾರುತ್ತವೆ. ಜಾಲತಾಣ ಆ ಪಟ್ಟಿಯಲ್ಲಿ ಹುಡುಕಿ, ಬಂದವರನ್ನು ಒಳಗೆ ಬಿಡಬೇಕೋ ಬೇಡವೋ ಎಂದು ಪುಟ ಕಳಿಸುವ ಮೊದಲೇ ತೀರ್ಮಾನಿಸುತ್ತದೆ.

ದೇಶದ ಮಟ್ಟಿಗೆ ಈ ಪಟ್ಟಿ ಬಹುಪಾಲು ಸರಿಯಾಗಿರುತ್ತದೆ. ಊರು, ಬೀದಿಯ ಮಟ್ಟಕ್ಕೆ ಇಳಿದರೆ ನಂಬುವಂತಿಲ್ಲ. ಅಮೆರಿಕದ ಕಾನ್ಸಸ್ ರಾಜ್ಯದ ಪಾಟ್ವಿನ್ ಬಳಿಯ ಒಂದು ಹೊಲದ ಮನೆಯ ಕತೆ ಇದಕ್ಕೆ ಸಾಕ್ಷಿ. ದೇಶ ಗೊತ್ತಿದ್ದು ಊರು ಗೊತ್ತಾಗದ ಅಮೆರಿಕದ ವಿಳಾಸಗಳಿಗೆಲ್ಲ ಮ್ಯಾಕ್ಸ್‌ಮೈಂಡ್ ದೇಶದ ನಡುಭಾಗದ ಒಂದು ಬಿಂದುವನ್ನು ಕೊಟ್ಟಿತ್ತು: 38 ಡಿಗ್ರಿ ಉತ್ತರ, 97 ಡಿಗ್ರಿ ಪಶ್ಚಿಮ. ಆ ಬಿಂದು ಬಿದ್ದದ್ದು ಈ ಮನೆಯ ಅಂಗಳದಲ್ಲಿ. 60 ಕೋಟಿಗೂ ಹೆಚ್ಚು ವಿಳಾಸಗಳು ಅಲ್ಲಿಗೆ ಸೇರಿದ್ದರಿಂದ, ಎಲ್ಲೋ ನಡೆದ ವಂಚನೆ, ಕಳವಿನ ಜಾಡು ಹಿಡಿದು ಪೊಲೀಸರು ವರ್ಷಗಟ್ಟಲೆ ಆ ಮನೆಯ ಬಾಗಿಲು ತಟ್ಟಿದರು. 2016ರಲ್ಲಿ ಪತ್ರಿಕಾ ವರದಿಯೊಂದು ಇದನ್ನು ಬಯಲಿಗೆ ತಂದ ಮೇಲೆ ಕಂಪನಿ ಆ ಬಿಂದುವನ್ನು ಒಂದು ಕೆರೆಯ ನಡುವಿಗೆ ಸರಿಸಿತು. ಪ್ರಾಕ್ಸಿ ಕೆಲಸ ಮಾಡುವುದು ಇದೇ ಪಟ್ಟಿಯ ಆಧಾರದ ಮೇಲೆ: ಪಟ್ಟಿಯಲ್ಲಿ ‘ಅಮೆರಿಕ’ ಎಂದು ಬರೆದಿರುವ ವಿಳಾಸವೊಂದರಿಂದ ಪುಟ ಕೇಳಿದರೆ ಸಾಕು.

ಯಾವ ಬಗೆಯ ತಡೆ?

ಬಾಗಿಲು ಹಾಕುವುದಕ್ಕೆ ಕಾರಣ ಹಲವು. ಯಾವ ಕಾರಣ ಎಂದು ಮೊದಲು ಗುರುತಿಸಿಕೊಂಡರೆ ಅರ್ಧ ಕೆಲಸ ಮುಗಿದಂತೆ, ಏಕೆಂದರೆ ಪ್ರಾಕ್ಸಿ ಎಲ್ಲ ಬಗೆಯ ತಡೆಗೂ ಮದ್ದಲ್ಲ.

ಮೊದಲನೆಯದು ಕಾನೂನಿನ ರಗಳೆ ತಪ್ಪಿಸಿಕೊಳ್ಳಲು ಹಾಕಿದ ತಡೆ. ಐರೋಪ್ಯ ಒಕ್ಕೂಟದ ಖಾಸಗಿ ಮಾಹಿತಿ ರಕ್ಷಣೆಯ ನಿಯಮ ಜಿಡಿಪಿಆರ್ 2018ರ ಮೇ 25ರಂದು ಜಾರಿಗೆ ಬಂದಾಗ ಲಾಸ್ ಏಂಜಲೀಸ್ ಟೈಮ್ಸ್, ಷಿಕಾಗೊ ಟ್ರಿಬ್ಯೂನ್ ಮುಂತಾದ ಪತ್ರಿಕೆಗಳು ಯುರೋಪಿನ ಓದುಗರಿಗೆ ಬಾಗಿಲು ಮುಚ್ಚಿದವು. ನಿಯಮ ಪಾಲಿಸುವ ಖರ್ಚಿಗಿಂತ ಅಷ್ಟು ಓದುಗರನ್ನು ಕಳೆದುಕೊಳ್ಳುವುದೇ ಅಗ್ಗ ಎಂಬ ಲೆಕ್ಕಾಚಾರ ಅದು. ಅಮೆರಿಕದ ಎಷ್ಟೋ ಸಣ್ಣ ಊರಿನ ಪತ್ರಿಕೆಗಳು ಆ ಬಳಿಕವೂ ಯುರೋಪಿಗೆ ‘451’ ಎಂಬ ಸಂಖ್ಯೆಯನ್ನಷ್ಟೇ ತೋರಿಸುತ್ತ ಬಂದಿವೆ. ‘ಕಾನೂನಿನ ಕಾರಣದಿಂದ ಲಭ್ಯವಿಲ್ಲ’ ಎಂದು ಅದರ ಅರ್ಥ. ತಂತ್ರಜ್ಞ ಟಿಮ್ ಬ್ರೇ ಸೂಚಿಸಿದ ಈ ಸಂಕೇತ 2016ರಲ್ಲಿ ಅಧಿಕೃತವಾಯಿತು. ಪುಸ್ತಕ ಸುಡುವ ಸಮಾಜದ ಬಗ್ಗೆ ರೇ ಬ್ರಾಡ್‌ಬರಿ ಬರೆದ ‘ಫ್ಯಾರನ್‌ಹೀಟ್ 451’ ಕಾದಂಬರಿಯಿಂದ ಆ ಅಂಕಿಯನ್ನು ಎತ್ತಿಕೊಂಡಿದ್ದಾರೆ.

ಎರಡನೆಯದು ಹಕ್ಕಿನ ವ್ಯಾಪಾರ. ಸಿನಿಮಾ, ಧಾರಾವಾಹಿ, ಕ್ರಿಕೆಟ್ ಪ್ರಸಾರದ ಹಕ್ಕುಗಳನ್ನು ದೇಶವಾರು ಮಾರುವುದು ಹಳೆಯ ಪದ್ಧತಿ. ಡಿವಿಡಿ ಕಾಲದಲ್ಲೇ ಜಗತ್ತನ್ನು ವಲಯಗಳಾಗಿ ಹಂಚಿದ್ದರು. ಭಾರತ ಐದನೆಯ ವಲಯದಲ್ಲಿತ್ತು. ಇಂದು ಐಪಿಎಲ್ ಪಂದ್ಯ ಭಾರತದಲ್ಲಿ ಒಬ್ಬರ ಸ್ವತ್ತಾದರೆ ಅಮೆರಿಕದಲ್ಲಿ ಇನ್ನೊಬ್ಬರದು. ಕನ್ನಡ ಚಿತ್ರಗಳ ಹೊರದೇಶದ ಹಕ್ಕೂ ಹಲವು ಬಾರಿ ಬೇರೆಯವರ ಕೈಯಲ್ಲಿರುತ್ತದೆ. ಮೂರನೆಯದು ಭದ್ರತೆಯ ತಡೆ. ಭಾರತದ ಕೆಲವು ಸರ್ಕಾರಿ ತಾಣಗಳು ಹೊರದೇಶದ ವಿಳಾಸಗಳಿಗೆ ತೆರೆದುಕೊಳ್ಳುವುದೇ ಇಲ್ಲ. ಹೊರಗಿನಿಂದ ಬರುವ ದಾಳಿಗಳನ್ನು ತಗ್ಗಿಸುವ ಸುಲಭ ಉಪಾಯ ಅದು. ಆದರೆ ಊರಿನ ಜಮೀನಿನ ದಾಖಲೆಯನ್ನೋ ಅಪ್ಪನ ಪಿಂಚಣಿಯ ಸ್ಥಿತಿಯನ್ನೋ ನೋಡಬೇಕಾದ ಅನಿವಾಸಿಗೂ ಅದೇ ಗೋಡೆ ಎದುರಾಗುತ್ತದೆ. ಪುಟ ಸುಮ್ಮನೆ ತಿರುಗುತ್ತಲೇ ಇರುತ್ತದೆ, ಇಲ್ಲವೇ ‘403’ (ಪ್ರವೇಶವಿಲ್ಲ) ಎನ್ನುತ್ತದೆ, ಕಾರಣವನ್ನಂತೂ ಹೇಳುವುದಿಲ್ಲ.

ಇವು ಮೂರೂ ತಾಣದವರೇ ಹಾಕಿಕೊಂಡ ತಡೆಗಳು. ಸರ್ಕಾರದ ಆದೇಶದ ಮೇಲೆ ಇಂಟರ್‌ನೆಟ್ ಕಂಪನಿ ಹಾಕುವ ತಡೆ ಬೇರೆಯ ಜಾತಿಯದು. ಭಾರತದಲ್ಲಿ ಮಾಹಿತಿ ತಂತ್ರಜ್ಞಾನ ಕಾಯ್ದೆಯ 69ಎ ಕಲಂ ಅಡಿ ಇಂಥ ಆದೇಶ ಹೊರಡುತ್ತದೆ. 2020ರ ಜೂನ್ 29ರಂದು ಟಿಕ್‌ಟಾಕ್ ಸೇರಿ 59 ಆ್ಯಪ್‌ಗಳಿಗೆ ತಡೆ ಬಿದ್ದದ್ದು ಹಾಗೆ. ಪರದೆಯ ಮೇಲೆ ಸಚಿವಾಲಯದ ಅಥವಾ ನ್ಯಾಯಾಲಯದ ಆದೇಶದ ಉಲ್ಲೇಖ ಕಂಡರೆ ಅದು ಭೌಗೋಳಿಕ ನಿರ್ಬಂಧವಲ್ಲ, ನಿಷೇಧ. ಈ ಲೇಖನದ ವಿಷಯ ಅದಲ್ಲ.

ಬಳಸುವ ಕ್ರಮ

ಜರ್ಮನಿಯ ಮ್ಯೂನಿಕ್‌ನಲ್ಲಿರುವ ಓದುಗರೊಬ್ಬರು ಅಮೆರಿಕದ ಸ್ಥಳೀಯ ಪತ್ರಿಕೆಯ ಒಂದು ವರದಿ ಓದಬೇಕು, ಪರದೆ 451 ಎನ್ನುತ್ತಿದೆ ಎಂದುಕೊಳ್ಳೋಣ. ವೆಬ್ ಪ್ರಾಕ್ಸಿಗೆ ಇದಕ್ಕಿಂತ ಒಪ್ಪುವ ಕೆಲಸ ಇಲ್ಲ: ಬರೀ ಅಕ್ಷರ, ಲಾಗಿನ್ ಇಲ್ಲ, ಹಣದ ವ್ಯವಹಾರ ಇಲ್ಲ.

ಮೊದಲು ಬ್ರೌಸರ್‌ನಲ್ಲಿ ಖಾಸಗಿ ಕಿಟಕಿ ತೆರೆಯಬೇಕು. ಹಳೆಯ ಕುಕಿಗಳು ಅದರೊಳಗೆ ಬರುವುದಿಲ್ಲ, ಪ್ರಾಕ್ಸಿ ಇಟ್ಟುಹೋದ ಕುಕಿಗಳು ಮುಚ್ಚಿದೊಡನೆ ಅಳಿಯುತ್ತವೆ. ಆ ಕಿಟಕಿಯಲ್ಲಿ ಪ್ರಾಕ್ಸಿಯ ತಾಣಕ್ಕೆ ಹೋಗಿ ಸರ್ವರ್‌ಗಳ ಪಟ್ಟಿಯಿಂದ ಅಮೆರಿಕವನ್ನು ಆರಿಸಬೇಕು. ಪಟ್ಟಿಯನ್ನೇ ಕೊಡದೆ ತನಗೆ ತೋಚಿದ ಸರ್ವರ್‌ಗೆ ಕಳಿಸುವ ಪ್ರಾಕ್ಸಿ ಈ ಕೆಲಸಕ್ಕೆ ಬಾರದು. ಪತ್ರಿಕೆಯ ವಿಳಾಸ ಹಾಕುವ ಮೊದಲು, ಐಪಿ ವಿಳಾಸ ತೋರಿಸುವ ಯಾವುದಾದರೂ ತಾಣವನ್ನು ಅದೇ ಚೌಕದ ಮೂಲಕ ತೆರೆದು ನೋಡುವುದು ಒಳ್ಳೆಯದು. ಅದು ‘ಅಮೆರಿಕ’ ಎಂದರೆ ಮುಂದುವರಿಯಬಹುದು. ಇನ್ನೂ ‘ಜರ್ಮನಿ’ ಎಂದೇ ತೋರಿಸಿದರೆ ಆ ಪ್ರಾಕ್ಸಿ ಹೆಸರಿಗಷ್ಟೇ ಅಮೆರಿಕದ್ದು. ಕೆಲವು ಪ್ರಾಕ್ಸಿಗಳು ಪುಟ ಕೇಳುವಾಗ ‘ಎಕ್ಸ್-ಫಾರ್ವರ್ಡೆಡ್-ಫಾರ್’ ಎಂಬ ತಲೆಸಾಲಿನಲ್ಲಿ ಬಳಕೆದಾರರ ನಿಜವಾದ ವಿಳಾಸವನ್ನೂ ಬರೆದು ಕಳಿಸಿಬಿಡುತ್ತವೆ. ತಪಾಸಣೆಯ ತಾಣ ಎರಡೂ ವಿಳಾಸ ತೋರಿಸಿದರೆ ಗುಟ್ಟು ರಟ್ಟಾಗಿದೆ ಎಂದೇ ಅರ್ಥ.

ಚೌಕದಲ್ಲಿ ಪತ್ರಿಕೆಯ ಮುಖಪುಟದ ಬದಲು ಬೇಕಾದ ವರದಿಯದೇ ಪೂರ್ತಿ ವಿಳಾಸ ಅಂಟಿಸಿದರೆ ಅಲೆದಾಟ ತಪ್ಪುತ್ತದೆ. ಚೌಕದ ಕೆಳಗೆ ಕೆಲವು ಆಯ್ಕೆಗಳಿರಬಹುದು: ಕುಕಿ ಇರಲಿ, ಸ್ಕ್ರಿಪ್ಟ್ ತೆಗೆ, ವಿಳಾಸ ಮರೆಮಾಡು. ಮೊದಲ ಸಲ ಇದ್ದುದನ್ನು ಇದ್ದಂತೆ ಬಿಡಬೇಕು. ಪುಟ ಅರ್ಧಕ್ಕೆ ನಿಂತರೆ ಸ್ಕ್ರಿಪ್ಟ್ ತೆಗೆದು ನೋಡಬೇಕು. ವಿನ್ಯಾಸ ಚೆದುರಿದರೂ ಅಕ್ಷರಗಳು ಉಳಿಯುತ್ತವೆ. ಕುಕಿಗೆ ಒಪ್ಪಿಗೆ ಕೇಳುವ ಪಟ್ಟಿ ಮತ್ತೆ ಮತ್ತೆ ಬರುತ್ತಿದ್ದರೆ ಕುಕಿಗೆ ಅನುಮತಿ ಕೊಡಬೇಕು. ಓದಿ ಮುಗಿದ ಮೇಲೆ ಕಿಟಕಿ ಮುಚ್ಚಿದರಾಯಿತು. ‘ವೇಗ ಹೆಚ್ಚಲು ಈ ಎಕ್ಸ್‌ಟೆನ್ಷನ್ ಹಾಕಿಕೊಳ್ಳಿ’, ‘ಸೂಚನೆಗಳಿಗೆ ಅನುಮತಿ ಕೊಡಿ’ ಎಂದು ನಡುವೆ ಬರುವ ಬೇಡಿಕೆಗಳಿಗೆಲ್ಲ ಇಲ್ಲ ಎನ್ನಬೇಕು.

ಮೊಬೈಲಿನಲ್ಲೂ ಕ್ರಮ ಇದೇ. ಆದರೆ ವೆಬ್ ಪ್ರಾಕ್ಸಿಯ ಮೂಲಕ ಹಾಯುವುದು ಬ್ರೌಸರ್‌ನ ಆ ಒಂದು ಪುಟ ಮಾತ್ರ. ಅದೇ ಪತ್ರಿಕೆಯ ಆ್ಯಪ್ ತೆರೆದರೆ ಅದು ನೇರ ದಾರಿ ಹಿಡಿಯುತ್ತದೆ, ತಡೆ ಹಾಗೆಯೇ ಇರುತ್ತದೆ. ವೆಬ್ ಪ್ರಾಕ್ಸಿ ಹಾಕಿಯೂ ಆ್ಯಪ್ ತೆರೆಯಲಿಲ್ಲ ಎಂಬ ದೂರಿನ ಮೂಲ ಸಾಮಾನ್ಯವಾಗಿ ಇದೇ.

ಬೀಗದ ಗುರುತು ಹೇಳದ ಸಂಗತಿ

ಪ್ರಾಕ್ಸಿ ಪುಟವನ್ನು ತಂದ ಹಾಗೆಯೇ ಕೊಡುವುದಿಲ್ಲ. ಪುಟದೊಳಗಿನ ಪ್ರತಿ ಕೊಂಡಿ, ಪ್ರತಿ ಚಿತ್ರದ ವಿಳಾಸ, ಪ್ರತಿ ಅರ್ಜಿಯ ತಲುಪುದಾಣ ಎಲ್ಲವನ್ನೂ ತನ್ನ ವಿಳಾಸಕ್ಕೆ ತಿದ್ದಿ ಬರೆಯುತ್ತದೆ. ಇಲ್ಲದಿದ್ದರೆ ಮುಂದಿನ ಕ್ಲಿಕ್ಕಿಗೇ ಬ್ರೌಸರ್ ನೇರವಾಗಿ ಪತ್ರಿಕೆಯ ಸರ್ವರ್‌ಗೆ ಹೋಗಿ ಮತ್ತೆ 451 ಹೊತ್ತು ಬರುತ್ತದೆ. ಗೂಗಲ್ ಟ್ರಾನ್ಸ್‌ಲೇಟ್‌ನ ಪುಟ ಅನುವಾದದಲ್ಲಿ ಈ ತಿದ್ದುಪಡಿ ಕಣ್ಣಿಗೇ ಕಾಣುತ್ತದೆ. ‘ಎಕ್ಸಾಂಪಲ್ ಡಾಟ್ ಕಾಮ್’ ಎಂಬ ತಾಣವನ್ನು ಅನುವಾದಕ್ಕೆ ಕೊಟ್ಟರೆ ಬ್ರೌಸರ್‌ನ ವಿಳಾಸಪಟ್ಟಿಯಲ್ಲಿ ‘ಎಕ್ಸಾಂಪಲ್-ಕಾಮ್ ಡಾಟ್ ಟ್ರಾನ್ಸ್‌ಲೇಟ್ ಡಾಟ್ ಗೂಗ್’ ಎಂದು ಬರುತ್ತದೆ: ಚುಕ್ಕಿ ಇದ್ದಲ್ಲಿ ಅಡ್ಡಗೆರೆ, ಕೊನೆಗೆ ಗೂಗಲ್‌ನ ಹೆಸರು. ಪುಟ ತರುವುದು ಗೂಗಲ್‌ನ ಸರ್ವರ್ ಆದ್ದರಿಂದ ಇದೂ ಒಂದು ಬಗೆಯ ವೆಬ್ ಪ್ರಾಕ್ಸಿಯೇ. ಹಗುರ ತಡೆಗಳಿಗೆ ಕೆಲವೊಮ್ಮೆ ಸಾಕಾಗುತ್ತದೆ. ಸರ್ವರ್ ಯಾವ ದೇಶದ್ದು ಎಂದು ಆರಿಸುವ ಅವಕಾಶ ಮಾತ್ರ ಇಲ್ಲ.

ಇಷ್ಟೆಲ್ಲ ತಿದ್ದಬೇಕಾದರೆ ಪ್ರಾಕ್ಸಿ ಪುಟವನ್ನು ಓದಲೇಬೇಕು. ಅಪಾಯ ಇರುವುದು ಇಲ್ಲಿಯೇ. ಸಾಮಾನ್ಯವಾಗಿ ಎಚ್‌ಟಿಟಿಪಿಎಸ್ ಸಂಪರ್ಕದಲ್ಲಿ ಗೂಢಲಿಪಿಯ ಒಂದು ತುದಿ ಬಳಕೆದಾರರ ಬ್ರೌಸರ್, ಇನ್ನೊಂದು ತುದಿ ತಲುಪಬೇಕಾದ ತಾಣ. ನಡುವಿನ ಯಾರಿಗೂ ಒಳಗಿನದು ತಿಳಿಯದು. ವೆಬ್ ಪ್ರಾಕ್ಸಿಯಲ್ಲಿ ಆ ಸಂಪರ್ಕ ಎರಡು ತುಂಡಾಗುತ್ತದೆ: ಬ್ರೌಸರ್‌ನಿಂದ ಪ್ರಾಕ್ಸಿಗೆ ಒಂದು, ಪ್ರಾಕ್ಸಿಯಿಂದ ತಾಣಕ್ಕೆ ಇನ್ನೊಂದು. ನಡುವೆ ಪ್ರಾಕ್ಸಿಯೊಳಗೆ ಎಲ್ಲವೂ ಬಿಚ್ಚಿದ ಕಾಗದ. ವಿಳಾಸಪಟ್ಟಿಯ ಪಕ್ಕದ ಬೀಗದ ಗುರುತು ಹೇಳುವುದು ಮೊದಲ ತುಂಡಿನ ಮಾತನ್ನು ಮಾತ್ರ. ಪ್ರಾಕ್ಸಿ ತೋರಿಸುವ ಪುಟದಲ್ಲಿ ಪಾಸ್‌ವರ್ಡ್ ಬರೆದರೆ ಅದನ್ನು ಮೊದಲು ಪಡೆಯುವವರು ಪ್ರಾಕ್ಸಿ ನಡೆಸುವವರು, ಓಟಿಪಿ ಬರೆದರೂ ಅವರೇ. ಅವರು ಪ್ರಾಮಾಣಿಕರಿರಬಹುದು, ಆದರೆ ಯಾರೆಂದೇ ತಿಳಿಯದವರ ಪ್ರಾಮಾಣಿಕತೆಯನ್ನು ನಂಬಿ ಬ್ಯಾಂಕ್ ಖಾತೆಗೆ ಲಾಗಿನ್ ಆಗುವ ಅಗತ್ಯ ಯಾರಿಗೂ ಇಲ್ಲ. ವೆಬ್ ಪ್ರಾಕ್ಸಿಯ ಮೂಲಕ ಓದಬಹುದು, ಲಾಗಿನ್ ಮಾಡಬಾರದು. ಇದಕ್ಕೆ ವಿನಾಯಿತಿ ಇಲ್ಲ. ಇಮೇಲ್, ಫೇಸ್‌ಬುಕ್, ಆಧಾರ್, ತೆರಿಗೆ, ಷೇರು ಖಾತೆ ಯಾವುದೂ ಅದರ ಮೂಲಕ ಹೋಗಬಾರದು.

ನಡುದಾರಿಯಲ್ಲಿ ಕುಳಿತವರಿಗೆ ಎಷ್ಟು ಕಾಣುತ್ತದೆ ಎಂಬುದು 2007ರಲ್ಲೇ ಬಹಿರಂಗವಾಗಿದೆ. ಸ್ವೀಡನ್ನಿನ ಭದ್ರತಾ ತಜ್ಞ ಡಾನ್ ಎಗರ್‌ಸ್ಟಾಡ್, ಬಳಕೆದಾರರ ಗುರುತು ಮರೆಸುವ ಟಾರ್ ಜಾಲದ ಕೊನೆಯ ಘಟ್ಟದ ಐದು ಸರ್ವರ್‌ಗಳನ್ನು ತಾವೇ ನಡೆಸಿ, ಅವುಗಳ ಮೂಲಕ ಗೂಢಲಿಪಿ ಇಲ್ಲದೆ ಹಾದುಹೋದುದನ್ನು ಗಮನಿಸಿದರು. ಹಲವು ದೇಶಗಳ ರಾಯಭಾರ ಕಚೇರಿಗಳ ಇಮೇಲ್ ಪಾಸ್‌ವರ್ಡ್‌ಗಳು ಸಿಕ್ಕವು. ಅವರು ಪ್ರಕಟಿಸಿದ ನೂರು ಖಾತೆಗಳ ಪಟ್ಟಿಯಲ್ಲಿ ಭಾರತದ ರಾಯಭಾರ ಕಚೇರಿಗಳೂ ಇದ್ದವು. ವಿಳಾಸ ಮರೆಸುವುದೇ ಬೇರೆ, ವಿಷಯ ಮರೆಸುವುದೇ ಬೇರೆ ಎಂಬುದನ್ನು ಆ ಕಚೇರಿಗಳಲ್ಲಿ ಯಾರೂ ಯೋಚಿಸಿದಂತಿರಲಿಲ್ಲ.

ಉಚಿತ ಸೇವೆಗಳು ಖರ್ಚು ತೂಗಿಸುವ ದಾರಿಯನ್ನೂ ಕೇಳಬೇಕು. ಬಹಳಷ್ಟು ಪ್ರಾಕ್ಸಿಗಳು ಪುಟದೊಳಗೆ ತಮ್ಮ ಜಾಹೀರಾತು ತುರುಕುತ್ತವೆ. ಇದಕ್ಕಿಂತ ದೂರ ಹೋದದ್ದು ಹೊಲಾ. ಬ್ರೌಸರ್‌ಗೆ ಎಕ್ಸ್‌ಟೆನ್ಷನ್ ಆಗಿ ಸೇರುತ್ತಿದ್ದ ಈ ಇಸ್ರೇಲಿ ಸೇವೆ ತನ್ನ ಉಚಿತ ಬಳಕೆದಾರರ ಸಂಪರ್ಕಗಳನ್ನೇ ಲುಮಿನಾಟಿ ಎಂಬ ಹೆಸರಿನಲ್ಲಿ ಬೇರೆಯವರಿಗೆ ಮಾರುತ್ತಿತ್ತು ಎಂಬುದು 2015ರಲ್ಲಿ ಹೊರಬಿತ್ತು. ಬೇರೆ ದೇಶದ ವಿಡಿಯೊ ನೋಡಲೆಂದು ಹಾಕಿಕೊಂಡವರ ಮನೆಯ ಐಪಿ ವಿಳಾಸದಿಂದ ಇನ್ನಾರೋ ಏನೋ ಮಾಡುತ್ತಿದ್ದರು.

ಪ್ರಾಕ್ಸಿ ಸೋಲುವ ಕಡೆ

ವಿಡಿಯೊ ತಾಣಗಳ ಮುಂದೆ ವೆಬ್ ಪ್ರಾಕ್ಸಿ ಬಹುತೇಕ ನಿಷ್ಪ್ರಯೋಜಕ. ಸ್ಕ್ರಿಪ್ಟ್‌ಗಳು ಚಾಲನೆಯಲ್ಲಿರುವಾಗಲೇ ಕಟ್ಟುವ ವಿಳಾಸಗಳನ್ನೆಲ್ಲ ತಿದ್ದುವುದು ಕಷ್ಟ. ನಕಲು ತಡೆಯ ಬೀಗ ಇರುವ ಪ್ಲೇಯರ್‌ಗಳು ಬೇರೆಯವರ ಪುಟದೊಳಗೆ ಓಡುವುದಿಲ್ಲ. ಜೊತೆಗೆ ತಾಣದವರೂ ಸುಮ್ಮನೆ ಕುಳಿತಿಲ್ಲ. ನೆಟ್‌ಫ್ಲಿಕ್ಸ್ 2016ರ ಜನವರಿಯಲ್ಲಿ ಭಾರತ ಸೇರಿ 130 ದೇಶಗಳಿಗೆ ಕಾಲಿಟ್ಟ ಕೆಲವೇ ದಿನಗಳಲ್ಲಿ ಪ್ರಾಕ್ಸಿ, ವಿಪಿಎನ್‌ಗಳನ್ನು ತಡೆಯುವುದಾಗಿ ಪ್ರಕಟಿಸಿತು. ಬಿಬಿಸಿ ಐಪ್ಲೇಯರ್ ಬ್ರಿಟನ್ನಿನಲ್ಲಿ ಇರುವವರಿಗೆ ಮಾತ್ರ, ಅವರಿಗೂ 2016ರ ಸೆಪ್ಟೆಂಬರ್‌ನಿಂದ ಟಿವಿ ಲೈಸೆನ್ಸ್ ಬೇಕು. ಇಂಥ ಕಂಪನಿಗಳು ನೋಡುವುದು ದೇಶವನ್ನಷ್ಟೇ ಅಲ್ಲ. ವಿಳಾಸ ಮನೆಯ ಸಂಪರ್ಕದ್ದೋ ಡೇಟಾ ಸೆಂಟರಿನದೋ ಎಂಬುದನ್ನೂ ಗಮನಿಸುತ್ತವೆ. ಒಂದೇ ವಿಳಾಸದಿಂದ ಸಾವಿರಾರು ಜನ ಬರುತ್ತಿದ್ದರೆ ಅದು ಪ್ರಾಕ್ಸಿ ಎಂದು ತಿಳಿಯಲು ಪಾಂಡಿತ್ಯ ಬೇಡ. ಮೊಬೈಲಿನ ಜಿಪಿಎಸ್, ಸಾಧನದ ಗಡಿಯಾರದ ಕಾಲವಲಯ, ಹಣ ಕೊಡುವ ಕಾರ್ಡು ಯಾವ ದೇಶದ ಬ್ಯಾಂಕಿನದು ಎಂಬುದು ಇನ್ನುಳಿದ ಸುಳಿವುಗಳು. ಅಗ್ಗದ ದೇಶದ ದರದಲ್ಲಿ ಚಂದಾ ಪಡೆಯುವ ಆಟಕ್ಕೂ ಕೊನೆ ಬರುತ್ತಿದೆ: ಬೇರೆ ದೇಶದಲ್ಲಿದ್ದಂತೆ ತೋರಿಸಿ ಕೊಂಡ ಪ್ರೀಮಿಯಂ ಚಂದಾಗಳನ್ನು ಯೂಟ್ಯೂಬ್ 2024ರಲ್ಲಿ ರದ್ದುಪಡಿಸಲು ಆರಂಭಿಸಿತು.

ಹಾಗಾದರೆ ಬೇರೆ ದಾರಿ ಏನು? ಒಂದೇ ಲೇಖನ ಓದಬೇಕಾದರೆ ಇಂಟರ್‌ನೆಟ್ ಆರ್ಕೈವ್‌ನ ವೇಬ್ಯಾಕ್ ಮಷೀನ್‌ನಲ್ಲಿ ಅದರ ಪ್ರತಿ ಇದೆಯೇ ಎಂದು ಮೊದಲು ನೋಡಬೇಕು. ಎಷ್ಟೋ ಸಲ ಪ್ರಾಕ್ಸಿಯ ಅಗತ್ಯವೇ ಬೀಳುವುದಿಲ್ಲ. ಲಾಗಿನ್ ಬೇಕಾದ ಕೆಲಸಕ್ಕೆ ಹಣ ಕೊಟ್ಟು ಪಡೆದ, ಹೆಸರು ವಿಳಾಸ ಇರುವ ಕಂಪನಿಯ ವಿಪಿಎನ್ ಮೇಲು. ಅದು ಇಡೀ ಸಾಧನದ ಸಂಪರ್ಕವನ್ನು ಹೊತ್ತೊಯ್ಯುತ್ತದೆ, ಎಚ್‌ಟಿಟಿಪಿಎಸ್‌ನ ಗೂಢಲಿಪಿಯನ್ನು ನಡುವೆ ತುಂಡರಿಸುವುದಿಲ್ಲ. ಭಾರತದ ವಿಳಾಸ ಬೇಕಾದವರು ಒಂದು ಬದಲಾವಣೆ ತಿಳಿದಿರಬೇಕು. ಬಳಕೆದಾರರ ವಿವರಗಳನ್ನು ಐದು ವರ್ಷ ಇಟ್ಟುಕೊಳ್ಳಬೇಕೆಂದು ಕೇಂದ್ರ ಸರ್ಕಾರದ ಸೈಬರ್ ಭದ್ರತಾ ಸಂಸ್ಥೆ ಸರ್ಟ್-ಇನ್ 2022ರ ಏಪ್ರಿಲ್ 28ರಂದು ಹೊರಡಿಸಿದ ನಿರ್ದೇಶನದ ಬಳಿಕ ಎಕ್ಸ್‌ಪ್ರೆಸ್‌ವಿಪಿಎನ್, ಸರ್ಫ್‌ಶಾರ್ಕ್, ನಾರ್ಡ್‌ವಿಪಿಎನ್ ತಮ್ಮ ಸರ್ವರ್‌ಗಳನ್ನು ಭಾರತದಿಂದ ತೆಗೆದವು. ಇಂಥ ಕಂಪನಿಗಳು ‘ಭಾರತ’ ಎಂದು ತೋರಿಸುವ ಸರ್ವರ್ ನಿಜವಾಗಿ ಬೇರೆ ದೇಶದಲ್ಲಿದ್ದು, ಅದಕ್ಕೆ ಭಾರತದ ವಿಳಾಸ ಹಚ್ಚಿರುವುದುಂಟು. ಸರ್ಕಾರಿ ತಾಣಗಳು ಅದನ್ನು ಒಪ್ಪಬಹುದು, ಒಪ್ಪದಿರಲೂಬಹುದು.

ಹೊರನಾಡಿನ ಕನ್ನಡಿಗರಿಗೆ ಎಲ್ಲಕ್ಕಿಂತ ಭರವಸೆಯದು ಊರಿನ ಮನೆಯದೇ ಸಂಪರ್ಕ. ಹುಬ್ಬಳ್ಳಿಯ ಮನೆಯಲ್ಲಿ ಮೂಲೆ ಸೇರಿದ ಹಳೆಯ ಲ್ಯಾಪ್‌ಟಾಪ್ ಒಂದಿದ್ದರೆ ಅದರಲ್ಲಿ ಟೇಲ್‌ಸ್ಕೇಲ್ ಎಂಬ ಖಾಸಗಿ ಜಾಲದ ಸಾಫ್ಟ್‌ವೇರ್ ಹಾಕಿ ‘ಎಕ್ಸಿಟ್ ನೋಡ್’ ಆಗಿ ಘೋಷಿಸಬಹುದು. ಹೊರದೇಶದ ಫೋನಿನಲ್ಲೂ ಅದೇ ಖಾತೆಯ ಟೇಲ್‌ಸ್ಕೇಲ್ ಹಾಕಿ ಆ ನೋಡ್ ಆರಿಸಿದರೆ, ತಾಣಗಳಿಗೆ ಕಾಣುವುದು ಹುಬ್ಬಳ್ಳಿಯ ಬ್ರಾಡ್‌ಬ್ಯಾಂಡ್. ಭಾರತದ ಮನೆ ಸಂಪರ್ಕಗಳಲ್ಲಿ ಅನೇಕ ಗ್ರಾಹಕರಿಗೆ ಒಂದೇ ಸಾರ್ವಜನಿಕ ವಿಳಾಸ ಹಂಚುವುದು ಸಾಮಾನ್ಯವಾದ್ದರಿಂದ ಹೊರಗಿನಿಂದ ನೇರವಾಗಿ ಮನೆಯ ಕಂಪ್ಯೂಟರಿಗೆ ಬರುವುದು ಕಷ್ಟ. ಈ ಸಾಫ್ಟ್‌ವೇರ್ ಆ ತೊಡಕನ್ನು ತಾನೇ ದಾಟುತ್ತದೆ. ಲ್ಯಾಪ್‌ಟಾಪ್ ನಿದ್ರೆಗೆ ಜಾರದಂತೆ ಸೆಟ್ಟಿಂಗ್ ಇಡಬೇಕು, ಕರೆಂಟ್ ಹೋದರೆ ಮತ್ತೆ ಚಾಲೂ ಮಾಡಲು ಮನೆಯಲ್ಲಿ ಒಬ್ಬರಿಗಾದರೂ ತಿಳಿದಿರಬೇಕು. ಓಟಿಪಿ ಬರುವ ಭಾರತದ ಸಿಮ್ ಜೀವಂತವಾಗಿರಬೇಕೆನ್ನುವುದು ಬೇರೆ ಮಾತು; ಅದಿಲ್ಲದೆ ಓಟಿಪಿ ಕೇಳುವ ತಾಣಗಳಲ್ಲಿ ಯಾವ ಪ್ರಾಕ್ಸಿಯಿಂದಲೂ ಪ್ರಯೋಜನವಿಲ್ಲ.

ತುಸು ತಾಂತ್ರಿಕ ಅಭ್ಯಾಸ ಇರುವವರು ಬೆಂಗಳೂರಿನಲ್ಲಿ ಡೇಟಾ ಸೆಂಟರ್ ಇರುವ ಡಿಜಿಟಲ್‌ಓಷನ್‌ನಂಥ ಕಂಪನಿಯಲ್ಲಿ ಪುಟ್ಟ ಸರ್ವರ್ ಬಾಡಿಗೆಗೆ ಪಡೆದು, ಎಸ್‌ಎಸ್‌ಎಚ್ ಮೂಲಕ ಅದನ್ನು ಸಾಕ್ಸ್ ಪ್ರಾಕ್ಸಿಯಾಗಿ ಬಳಸಬಹುದು. ಫೈರ್‌ಫಾಕ್ಸ್‌ನ ಸೆಟ್ಟಿಂಗ್‌ನಲ್ಲಿ ಸಾಕ್ಸ್ ಹೋಸ್ಟ್ 127.0.0.1, ಪೋರ್ಟ್ 1080 ಎಂದು ಕೊಟ್ಟು, ಡಿಎನ್‌ಎಸ್ (ತಾಣದ ಹೆಸರಿನಿಂದ ಅದರ ಐಪಿ ವಿಳಾಸ ಹುಡುಕುವ ವಿಚಾರಣೆ) ಕೂಡ ಪ್ರಾಕ್ಸಿಯ ಮೂಲಕವೇ ಹೋಗಲಿ ಎಂಬ ಆಯ್ಕೆಗೆ ಗುರುತು ಹಾಕಬೇಕು. ಆ ಗುರುತು ಮರೆತರೆ ಯಾವ ತಾಣಕ್ಕೆ ಹೋಗುತ್ತಿದ್ದಾರೆ ಎಂಬುದು ಸ್ಥಳೀಯ ಇಂಟರ್‌ನೆಟ್ ಕಂಪನಿಗೆ ತಿಳಿಯುತ್ತಲೇ ಇರುತ್ತದೆ.

ಕಾನೂನಿನ ಮಾತು

ಭಾರತದಲ್ಲಿ ಪ್ರಾಕ್ಸಿ ಅಥವಾ ವಿಪಿಎನ್ ಬಳಸುವುದನ್ನೇ ಅಪರಾಧವೆನ್ನುವ ಕಾಯ್ದೆ ಇಲ್ಲ. ಜಮ್ಮು ಮತ್ತು ಕಾಶ್ಮೀರದ ಕೆಲವು ಜಿಲ್ಲೆಗಳಲ್ಲಿ ಆಡಳಿತ ಆಗಾಗ ವಿಪಿಎನ್ ಮೇಲೆ ತಾತ್ಕಾಲಿಕ ನಿರ್ಬಂಧಾಜ್ಞೆ ಹೊರಡಿಸಿದ್ದುಂಟು. ಪ್ರಾಕ್ಸಿಯ ಮೂಲಕ ಮಾಡಿದರೂ ಅಪರಾಧ ಅಪರಾಧವೇ. ತಾಣದ ಷರತ್ತು ಮುರಿಯುವುದು ಬಹುಮಟ್ಟಿಗೆ ಒಪ್ಪಂದದ ಪ್ರಶ್ನೆ. ಪರಿಣಾಮ ಸಾಮಾನ್ಯವಾಗಿ ಖಾತೆ ರದ್ದಾಗುವುದು. ಕಚೇರಿಯ ಲ್ಯಾಪ್‌ಟಾಪ್‌ನಲ್ಲಿ ಬಳಸಿದರೆ ಕೆಲಸಕ್ಕೇ ಕುತ್ತು ಬರಬಹುದು.

ಮಂಗಳೂರು, ಉಡುಪಿ, ಭಟ್ಕಳದ ಅಸಂಖ್ಯ ಕುಟುಂಬಗಳಿಗೆ ನಂಟಿರುವ ಕೊಲ್ಲಿಯಲ್ಲಿ ಲೆಕ್ಕ ಬೇರೆ. ಸಂಯುಕ್ತ ಅರಬ್ ಎಮಿರೇಟ್ಸ್‌ನ 2021ರ 34ನೆಯ ಸಂಖ್ಯೆಯ ಸೈಬರ್ ಅಪರಾಧ ಕಾನೂನಿನ ಪ್ರಕಾರ, ಅಪರಾಧ ಎಸಗುವ ಅಥವಾ ಅದು ಪತ್ತೆಯಾಗದಂತೆ ಮಾಡುವ ಉದ್ದೇಶದಿಂದ ಐಪಿ ವಿಳಾಸ ಮರೆಸಿದರೆ ಜೈಲು, 5 ಲಕ್ಷದಿಂದ 20 ಲಕ್ಷ ದಿರ್ಹಮ್ ದಂಡ ಅಥವಾ ಎರಡೂ. ಕಚೇರಿ ಕೆಲಸಕ್ಕೆ ವಿಪಿಎನ್ ಬಳಸುವುದಕ್ಕೆ ಅಲ್ಲಿ ತಡೆ ಇಲ್ಲ. ಅಲ್ಲಿ ನಿಷೇಧಿಸಿದ ತಾಣ ಅಥವಾ ಸೇವೆಯನ್ನು ತೆರೆಯಲು ಬಳಸಿದರೆ ತೊಂದರೆ.

ಓದುವುದಕ್ಕೆ ಅಡ್ಡಿ ಮಾಡದೆ ಬರೆಯುವುದಕ್ಕೆ ಮಾತ್ರ ಪ್ರಾಕ್ಸಿಯನ್ನು ತಡೆಯುವ ತಾಣಗಳೂ ಇವೆ. ಕನ್ನಡ ವಿಕಿಪೀಡಿಯ ಸೇರಿದಂತೆ ವಿಕಿಮೀಡಿಯ ಯೋಜನೆಗಳಲ್ಲಿ ಯಾರು ಬೇಕಾದರೂ ಬಳಸಬಹುದಾದ ಪ್ರಾಕ್ಸಿಗಳಿಂದ ಸಂಪಾದನೆ ಮಾಡುವಂತಿಲ್ಲ. ಕಿಡಿಗೇಡಿಗಳು ಅವುಗಳ ಹಿಂದೆ ಅಡಗುವುದೇ ಕಾರಣ. ವಿಪಿಎನ್ ಇಲ್ಲದೆ ಸಂಪರ್ಕವೇ ಸಿಗದ ದೇಶದಲ್ಲಿರುವ ಸಂಪಾದಕರು ಕಾರಣ ತಿಳಿಸಿ ಐಪಿ ತಡೆಯಿಂದ ವಿನಾಯಿತಿ ಕೋರಬಹುದು. ಆ ವಿನಾಯಿತಿ ಸಿಗುವುದು ಖಾತೆಗೆ, ಹಾಗಾಗಿ ಲಾಗಿನ್ ಆಗಿಯೇ ಬರೆಯಬೇಕು, ಅದೂ ವೆಬ್ ಪ್ರಾಕ್ಸಿಯ ಚೌಕದ ಮೂಲಕವಲ್ಲ, ವಿಪಿಎನ್ ಮೂಲಕ.